ಹಂಚನ್ನು ತಟ್ಟಿ ಕೇಳಿ: ದುಡಿದವರ ನೆನಪನ್ನು ಸಾಕ್ಷ್ಯಚಿತ್ರವಾಗಿಸುವ ಬಗೆ

ಮಂಗಳೂರಿನಲ್ಲಿ ಇಪ್ಪತ್ತೆರಡು ವರ್ಷಗಳಿಂದ ಮದುವೆಯ ವಿಡಿಯೊ ಮಾಡುವುದು ನನ್ನ ಹೊಟ್ಟೆಪಾಡು. ಆಟಿ ತಿಂಗಳಲ್ಲಿ, ಅಂದರೆ ಆಷಾಢದ ಹೊತ್ತಿನ ಮಳೆಯ ದಿನಗಳಲ್ಲಿ, ನಮ್ಮ ಕಡೆ ಮದುವೆಗಳಿಲ್ಲ, ಕ್ಯಾಮೆರಾಕ್ಕೂ ಕೆಲಸವಿಲ್ಲ. ಹನ್ನೊಂದು ವರ್ಷಗಳ ಹಿಂದೆ ಅಂಥದೊಂದು ಆಟಿಯಲ್ಲಿ, ಬೂಸ್ಟು ಹಿಡಿಯದಿರಲಿ ಎಂದು ಹೊರತೆಗೆದ ಕ್ಯಾಮೆರಾವನ್ನು ಹಾಗೆಯೇ ಚೀಲಕ್ಕೆ ಹಾಕಿಕೊಂಡು ಜೆಪ್ಪುವಿನ ಮಾಮಿಯ ಮನೆಗೆ ಹೋದೆ. ಮಾಮಿ ಎಂದರೆ ಅಪ್ಪನ ಅಕ್ಕ. ಹಂಚಿನ ಕಾರ್ಖಾನೆಯಲ್ಲಿ ಮೂವತ್ತೊಂದು ವರ್ಷ ದುಡಿದವರು. ಆ ಕಾರ್ಖಾನೆ ಮುಚ್ಚಿ, ಚಿಮಣಿ ಕೆಡವಿ, ಅಲ್ಲಿ ಫ್ಲ್ಯಾಟುಗಳು ಎದ್ದು ಆಗಲೇ ಬಹಳ ಕಾಲವಾಗಿತ್ತು.

ಮದುವೆಗೆ ಮಾಡುವ ಹಾಗೆಯೇ ಎಲ್ಲವನ್ನೂ ಮಾಡಿದೆ. ರೇಷ್ಮೆ ಸೀರೆ ಉಡಲು ಹೇಳಿದೆ, ಚಾವಡಿಯಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿ ಕೂರಿಸಿದೆ, ಎರಡು ಲೈಟು ಉರಿಸಿದೆ, "ಆ ಕಾಲದ ಜೀವನ ಹೇಗಿತ್ತು?" ಎಂದು ಕೇಳಿದೆ. "ಮಸ್ತ್ ಬಂಗ ಇತ್ತ್‌ಂಡ್" ಎಂದರು. ತುಳುವಿನಲ್ಲಿ ಬಂಗ ಎಂದರೆ ಕಷ್ಟ. ಸಂಬಳ ಹೇಗಿತ್ತು ಎಂದರೆ ಬಂಗ, ಮಕ್ಕಳನ್ನು ಸಾಕಿದ್ದು ಹೇಗೆ ಎಂದರೆ ಬಂಗ. ನಲವತ್ತು ನಿಮಿಷ ಕಳೆದರೂ ಮಾತು ಆ ಒಂದು ಪದದ ಹೊಸ್ತಿಲು ದಾಟಲಿಲ್ಲ.

ಸಾಮಾನು ಕಟ್ಟಿ ಹೊರಟಾಗ ಮಳೆ ಬಿಟ್ಟಿತ್ತು. ಹಿತ್ತಿಲ ಗೋಡೆಗೆ ಹಳೆಯ ಹಂಚುಗಳನ್ನು ಒರಗಿಸಿಟ್ಟಿದ್ದರು. ನಮ್ಮ ಬಚ್ಚಲಿನ ಮಾಡು ಸೋರುತ್ತಿದೆ, ನಾಲ್ಕು ಹಂಚು ಕೊಡಿ ಎಂದೆ. ಮಾಮಿ ರೇಷ್ಮೆ ಸೀರೆಯ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಕುಕ್ಕರುಗಾಲಿನಲ್ಲಿ ಕುಳಿತರು. ಒಂದು ಹಂಚಿನ ಮೇಲಂಚನ್ನು ಎಡಗೈಯಲ್ಲಿ ಹಿಡಿದು ತೂಗಬಿಟ್ಟು, ಬಲಗೈಯ ಬೆರಳ ಗೆಣ್ಣಿನಿಂದ ತಟ್ಟಿದರು. ಟಣ್ ಎಂದಿತು. ಬದಿಗಿಟ್ಟರು. ಇನ್ನೊಂದನ್ನು ತಟ್ಟಿದರು, ದಬ್ ಎಂದಿತು. "ಇದು ಒಡಕು. ಕಣ್ಣಿಗೆ ಕಾಣುವುದಿಲ್ಲ. ಮಾಡಿಗೆ ಇಟ್ಟರೆ ಒಂದು ಮಳೆಗಾಲ ಬಾಳುವುದಿಲ್ಲ ಮಾರಾಯ" ಎಂದರು. ನನಗೆ ಬೇಕಾದದ್ದು ನಾಲ್ಕೇ ಹಂಚು. ಅವರು ಮಾತ್ರ ಗೋಡೆಗೆ ಒರಗಿದ್ದ ಅಷ್ಟನ್ನೂ ತಟ್ಟುತ್ತಾ ಹೋದರು. ಆರನೆಯದರ ಹೊತ್ತಿಗೆ ಮಾತು ಬಂತು. ಗೂಡಿನ ಬಿಸಿ ಪೂರ್ತಿ ಆರುವ ಮೊದಲೇ ಹಂಚು ಇಳಿಸುತ್ತಿದ್ದದ್ದು, ಅಂಗೈಗೆ ಗೋಣಿಯ ತುಂಡು ಕಟ್ಟಿಕೊಳ್ಳುತ್ತಿದ್ದದ್ದು, ಪಕ್ಕದಲ್ಲಿ ಕುಳಿತು ತಟ್ಟುತ್ತಿದ್ದ ಗೆಳತಿ ಮದುವೆಯಾಗಿ ಹೋದ ಮೇಲೆ ಅವಳ ಜಾಗದಲ್ಲಿ ಒಂದು ವಾರ ಯಾರನ್ನೂ ಕೂರಲು ಬಿಡದೇ ಇದ್ದದ್ದು, ರಾತ್ರಿ ಮಲಗಿದರೂ ಕಿವಿಯೊಳಗೆ ಟಣ್ ಟಣ್ ನಿಲ್ಲದೇ ಇದ್ದದ್ದು. ಕ್ಯಾಮೆರಾ ಚೀಲದೊಳಗಿತ್ತು.

ಇಲ್ಲಿ ನಾನು ಹೇಳುವುದರ ಬಹುಪಾಲು ಆ ಹಿತ್ತಿಲಿನಲ್ಲಿ ಕಲಿತದ್ದು. ದುಡಿದವರ ನೆನಪು ಕೈಯಲ್ಲಿರುತ್ತದೆ. ಕೈಗೆ ಮೊದಲು ಅದರ ಕೆಲಸವನ್ನು ಕೊಡಬೇಕು.

ಯಾರಿಂದ ಆರಂಭಿಸಬೇಕು

"ಕರಾವಳಿಯ ಕಾರ್ಮಿಕರ ಬದುಕು" ಎಂದು ಹಾಳೆಯ ಮೇಲೆ ಬರೆದು ಹೊರಟರೆ ಚಿತ್ರ ಎಂದಿಗೂ ಮುಗಿಯುವುದಿಲ್ಲ. ಓಣಿಯ ಕೊನೆಯ ಮನೆಯ ಅಕ್ಕ ಬೀಡಿ ಕಟ್ಟುವುದು ಎಂದು ಬರೆದುಕೊಳ್ಳಿ. ಒಬ್ಬ ವ್ಯಕ್ತಿ, ಒಂದು ಕೆಲಸ, ಒಂದು ಜಾಗ, ಅಷ್ಟು ಸಾಕು. ನಮ್ಮ ಊರಿನಲ್ಲಿ ಹುಡುಕಿಕೊಂಡು ದೂರ ಹೋಗಬೇಕಾಗಿಲ್ಲ. ಗೇರುಬೀಜದ ಕಾರ್ಖಾನೆಯಲ್ಲಿ ಬೀಜ ಒಡೆದವರ ಬೆರಳುಗಳನ್ನು ನೋಡಿ, ಚಿಪ್ಪಿನ ಎಣ್ಣೆಯ ಕಪ್ಪು ಅವುಗಳಲ್ಲಿ ಉಳಿದಿರುತ್ತದೆ. ದೋಣಿಗಳು ನಿಲ್ಲುವ ದಕ್ಕೆಯಲ್ಲಿ ಮೀನಿನ ಬುಟ್ಟಿ ಹೊತ್ತವರು, ಹಳೆ ಬಂದರಿನಲ್ಲಿ ಮೂಟೆ ಇಳಿಸಿದವರು, ಹತ್ತು ವರ್ಷದ ಹುಡುಗನಾಗಿ ಉಡುಪಿಯಿಂದ ಬೊಂಬಾಯಿಗೆ ಹೋಗಿ ಹೋಟೆಲಿನಲ್ಲಿ ಲೋಟ ತೊಳೆದು ರಾತ್ರಿ ಶಾಲೆ ಕಲಿತವರು ಪ್ರತಿ ಕುಟುಂಬದಲ್ಲೂ ಒಬ್ಬಿಬ್ಬರಿದ್ದಾರೆ. ಎಲ್ಲರಿಗಿಂತ ಹಿರಿಯರ ಬಳಿಗೆ ಮೊದಲು ಹೋಗಿ. ಇದನ್ನು ಮುಂದೂಡಬೇಡಿ. ಮದುವೆ ಸೀಸನ್ ಮುಗಿಯಲಿ ಎಂದು ನಾನು ಕಾದ ಎರಡು ಸಲವೂ ಆ ಮನೆಗೆ ಹೋದದ್ದು ಉತ್ತರಕ್ರಿಯೆಯ ಊಟಕ್ಕೆ.

ಹೋಗುವ ಮೊದಲು ಆ ಕೆಲಸದ ಇತಿಹಾಸವನ್ನು ಓದಿಕೊಳ್ಳಿ. ಸ್ವಿಟ್ಜರ್ಲೆಂಡಿನ ಕ್ರೈಸ್ತ ಮಿಷನರಿ ಸಂಸ್ಥೆಯಾದ ಬಾಸೆಲ್ ಮಿಷನ್‌ನವರು ಮಂಗಳೂರಿಗೆ ಬಂದದ್ದು 1834ರಲ್ಲಿ. ಅವರ ಹಂಚಿನ ಕಾರ್ಖಾನೆ ಜೆಪ್ಪುವಿನಲ್ಲಿ ನೇತ್ರಾವತಿಯ ದಡದಲ್ಲಿ ಆರಂಭವಾದದ್ದು 1865ರಲ್ಲಿ. ನದಿಗಳ ಬದಿಯ ಜೇಡಿಮಣ್ಣು ದೋಣಿಯಲ್ಲಿ ಬರುತ್ತಿತ್ತು, ಸುಟ್ಟ ಹಂಚು ಬಂದರಿನಿಂದ ಹಡಗೇರಿ ಹೋಗುತ್ತಿತ್ತು. ಮೊದಲ ಮಹಾಯುದ್ಧದ ನಂತರ ಮಿಷನ್‌ನ ಉದ್ದಿಮೆಗಳು ಕಾಮನ್‌ವೆಲ್ತ್ ಟ್ರಸ್ಟ್‌ನ ಕೈಗೆ ಹೋದವು. ಬೀಡಿಗೂ ಇಂಥದೇ ಇತಿಹಾಸವಿದೆ. ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯ್ದೆ 1966ರಲ್ಲಿ ಬಂತು. ಅದು ಜಾರಿಯಾಗುವ ಹೊತ್ತಿಗೆ ಮಂಗಳೂರಿನ ಕಂಪನಿಗಳು ಕಣ್ಣೂರಿನ ಕಡೆಯ ಕಾರ್ಖಾನೆಗಳನ್ನು ಮುಚ್ಚಿದವು. ಅಲ್ಲಿ ಕೆಲಸ ಕಳೆದುಕೊಂಡವರು 1969ರಲ್ಲಿ ದಿನೇಶ್ ಬೀಡಿ ಸಹಕಾರ ಸಂಘವನ್ನು ಕಟ್ಟಿಕೊಂಡರು. ಇಲ್ಲಿ ನಮ್ಮ ಅಕ್ಕಂದಿರು ಮನೆಯ ಜಗಲಿಯಲ್ಲಿಯೇ ಕುಳಿತು ಬೀಡಿ ಕಟ್ಟುತ್ತಾರೆ. ಇಷ್ಟು ತಿಳಿದಿದ್ದರೆ "ನೀವು ಕಾರ್ಖಾನೆಗೆ ಹೋಗದೆ ಮನೆಯಲ್ಲಿ ಕಟ್ಟಲು ಆರಂಭಿಸಿದ್ದು ಯಾವಾಗ?" ಎಂಬ ಪ್ರಶ್ನೆ ನಿಮಗೆ ಹೊಳೆಯುತ್ತದೆ. ಓದಿದ ಇತಿಹಾಸ ಪ್ರಶ್ನೆ ಕೇಳುವುದಕ್ಕಷ್ಟೇ ಇರಲಿ. ಚಿತ್ರದಲ್ಲಿ ಅದಕ್ಕೆ ಒಂದು ನಿಮಿಷಕ್ಕಿಂತ ಹೆಚ್ಚು ಕೊಡಬೇಡಿ.

ಕೆಲಸದ ಹೊತ್ತುಗೊತ್ತು ತಿಳಿದಿರಬೇಕು. ನಮ್ಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರೀಕೃತ ಮೀನುಗಾರಿಕೆಗೆ ನಿಷೇಧವಿದೆ. ಮಲ್ಪೆಯಲ್ಲಿ ಆ ದಿನಗಳಲ್ಲಿ ದೋಣಿಗಳು ದಡದಲ್ಲಿರುತ್ತವೆ, ಜನ ಬಲೆ ಸರಿಪಡಿಸುತ್ತಾ ಕುಳಿತಿರುತ್ತಾರೆ. ಮಾತಾಡಿಸಲು ಅದಕ್ಕಿಂತ ಒಳ್ಳೆಯ ಸಮಯವಿಲ್ಲ. ರಂಪಣಿ ಬಲೆ ಎಳೆದ ಹಿರಿಯರು ಸಿಕ್ಕಿದರೆ ಬಿಡಬೇಡಿ. 1970ರ ದಶಕದ ಕೊನೆಯಲ್ಲಿ ಬಲೆಯಿಂದ ಮೀನಿನ ಹಿಂಡನ್ನೇ ಸುತ್ತುಗಟ್ಟುವ ಪರ್ಸೀನ್ ಬೋಟುಗಳು ಬಂದ ಮೇಲೆ ಊರಿಗೆ ಊರೇ ದಡದಲ್ಲಿ ನಿಂತು ಹಗ್ಗ ಎಳೆಯುವ ಆ ಕೆಲಸ ಬಹುಮಟ್ಟಿಗೆ ನಿಂತುಹೋಯಿತು. ಎಳೆದ ಕೈಗಳಿಗೆ ಈಗ ಎಪ್ಪತ್ತು ದಾಟಿದೆ. ಆ ಹಿರಿಯರ ಕೈಗೆ ಒಂದು ಹಗ್ಗದ ತುದಿ ಕೊಟ್ಟು, ಇನ್ನೊಂದು ತುದಿಯನ್ನು ನೀವು ಹಿಡಿದು ನಿಲ್ಲಿ. ಐಲೇಸಾ ಎಂಬುದು ಎಲ್ಲಿಂದ ಏಳುತ್ತದೆ ಎಂದು ಆಗ ಗೊತ್ತಾಗುತ್ತದೆ.

ಕ್ಯಾಮೆರಾ ಇಲ್ಲದ ಮೂರು ಭೇಟಿಗಳು

ಮೊದಲ ಮೂರು ಸಲ ಕ್ಯಾಮೆರಾ ಒಯ್ಯಬೇಡಿ. ಹೋಗಿ ಕುಳಿತುಕೊಳ್ಳಿ, ಕೊಟ್ಟ ಚಹಾ ಕುಡಿಯಿರಿ, ಅವರ ಕೆಲಸ ನೋಡಿ. ಅಕ್ಕಪಕ್ಕದವರು ಅವರನ್ನು ಏನೆಂದು ಕರೆಯುತ್ತಾರೋ ಅದನ್ನೇ ಕರೆಯಿರಿ. ಅಕ್ಕ, ಅಮ್ಮ, ಮಾಮಿ, ಬಾಯಮ್ಮ, ಅಣ್ಣ, ಯಾವುದಾದರೂ ಸರಿ. ಮೇಡಂ, ಸರ್ ಎಂದರೆ ಅವರು ಬ್ಯಾಂಕಿನವರ ಎದುರು ಕುಳಿತ ಹಾಗೆ ಕುಳಿತುಬಿಡುತ್ತಾರೆ.

ಒಂದು ಮಾತನ್ನು ಒತ್ತಿ ಹೇಳಬೇಕು. ಬೀಡಿಯ ಕೂಲಿ ಸಾವಿರಕ್ಕೆ ಇಷ್ಟು ಎಂಬ ಲೆಕ್ಕದ್ದು. ನಾನು ಕಂಡ ಅಕ್ಕಂದಿರು ಗಂಟೆಗೆ ನೂರರ ಆಸುಪಾಸು ಕಟ್ಟುತ್ತಾರೆ. ಅವರನ್ನು ಎರಡು ಗಂಟೆ ಕುರ್ಚಿಯ ಮೇಲೆ ಕೂರಿಸಿ ಮಾತಾಡಿಸಿದರೆ ಇನ್ನೂರು ಬೀಡಿಯ ಕೂಲಿಯನ್ನು ನೀವು ಅವರ ಸೆರಗಿನಿಂದ ಬಿಚ್ಚಿಕೊಂಡ ಹಾಗೆ. ಆದ್ದರಿಂದ ಕಟ್ಟುತ್ತಿರುವಾಗಲೇ ಚಿತ್ರೀಕರಿಸಿ. ಅವರ ಕೈ ನಿಲ್ಲಬೇಕಾದ ದಿನ, ನಿಂತ ಹೊತ್ತಿನ ಕೂಲಿಯನ್ನು ಲೆಕ್ಕ ಹಾಕಿ ಕೊಡಿ. ಹಣ ಕೊಟ್ಟರೆ ಸಾಕ್ಷ್ಯ ಕೆಡುತ್ತದೆ ಎಂದು ಹೇಳುವವರಿದ್ದಾರೆ. ನಾನು ಒಪ್ಪುವುದಿಲ್ಲ. ಅವರ ಹೊತ್ತಿಗೆ ಬೆಲೆಯಿದೆ ಎಂಬುದೇ ಚಿತ್ರದ ವಿಷಯವಾಗಿರುವಾಗ, ಆ ಬೆಲೆಯನ್ನು ನಾವೇ ನುಂಗಬಾರದು.

ಕೈಯನ್ನು ಹಿಡಿಯುವುದು

ದುಬಾರಿ ಕ್ಯಾಮೆರಾ ಬೇಕಾಗಿಲ್ಲ. ಈಗಿನ ಸಾಮಾನ್ಯ ಮೊಬೈಲ್ ಸಾಕು, ಜೊತೆಗೆ ಒಂದು ಮೂರುಗಾಲಿನ ಸ್ಟ್ಯಾಂಡ್ ಮತ್ತು ಕಾಲರಿಗೆ ಸಿಕ್ಕಿಸುವ ಮೈಕ್. ನಮ್ಮ ವಿದ್ಯುತ್ತು 50 ಹರ್ಟ್ಸ್‌ನದು. ಟ್ಯೂಬ್‌ಲೈಟಿನ ಕೆಳಗೆ ಚಿತ್ರ ಮಿಣುಕದಿರಬೇಕಾದರೆ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಇಟ್ಟುಕೊಳ್ಳಿ. ಬೆಳಕಿನ ಅಳತೆಯನ್ನು ಲಾಕ್ ಮಾಡಿ. ಇಲ್ಲವಾದರೆ ಬಾಗಿಲಿನಲ್ಲಿ ಯಾರಾದರೂ ಹಾದುಹೋದಾಗಲೆಲ್ಲ ಮುಖ ಕಪ್ಪಾಗುತ್ತದೆ. ಮಳೆಗಾಲದಲ್ಲಿ ಲೆನ್ಸನ್ನು ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಮುಚ್ಚಳದ ಡಬ್ಬಿಯಲ್ಲಿಡಿ, ಕರಾವಳಿಯ ತೇವಕ್ಕೆ ಗಾಜಿನೊಳಗೇ ಬೂಸ್ಟು ಬೆಳೆಯುತ್ತದೆ. ಸಾಮಗ್ರಿಯ ಬಗ್ಗೆ ಇಷ್ಟು ಸಾಕು.

ಕೆಲಸವನ್ನು ಆರಂಭದಿಂದ ಕೊನೆಯವರೆಗೆ, ಒಂದೂ ಹೆಜ್ಜೆ ಬಿಡದೆ ಹಿಡಿಯಬೇಕು. ಬೀಡಿಯನ್ನೇ ತೆಗೆದುಕೊಳ್ಳಿ. ಹಿಂದಿನ ಸಂಜೆ ಎಲೆಯನ್ನು ನೀರಿನಲ್ಲಿ ನೆನೆಸಿ ಒದ್ದೆ ಬಟ್ಟೆಯಲ್ಲಿ ಸುತ್ತಿಡುವಲ್ಲಿಂದ ಕೆಲಸ ಶುರುವಾಗುತ್ತದೆ. ಬೆಳಿಗ್ಗೆ ತಗಡಿನ ಅಳತೆಯನ್ನು ಎಲೆಯ ಮೇಲಿಟ್ಟು ನರ ಬಿಟ್ಟು ಕತ್ತರಿಸುವುದು, ತೊಡೆಯ ಮೇಲೆ ತಡ್ಪೆ, ಅಂದರೆ ಮೊರ, ಇಟ್ಟುಕೊಂಡು ಕುಳಿತುಕೊಳ್ಳುವುದು, ಚಿಟಿಕೆಯಲ್ಲಿ ಹೊಗೆಸೊಪ್ಪಿನ ಪುಡಿ ತೆಗೆಯುವುದು, ಹೆಬ್ಬೆರಳಿನಿಂದ ಸುರುಳಿ ಸುತ್ತುವುದು, ತುದಿಯನ್ನು ಉಗುರಿನಿಂದ ಒಳಕ್ಕೆ ಮಡಚುವುದು, ನೂಲು ಸುತ್ತಿ ಎಳೆಯುವುದು. ಪ್ರತಿ ಹೆಜ್ಜೆಯನ್ನೂ ಮೂರು ಸಲ ತೆಗೆಯಿರಿ. ಇಡೀ ವ್ಯಕ್ತಿ ಕಾಣುವಂತೆ ಒಮ್ಮೆ, ಕೈ ಮಾತ್ರ ಕಾಣುವಂತೆ ಇನ್ನೊಮ್ಮೆ, ಅವರ ಭುಜದ ಹಿಂದಿನಿಂದ ಅವರಿಗೆ ಕಾಣುವಂತೆ ಮತ್ತೊಮ್ಮೆ. ಈ ಮೂರನೆಯದನ್ನು ಬಹಳ ಜನ ಮರೆಯುತ್ತಾರೆ. ಕೆಲಸ ಮಾಡಿದವರಿಗೆ ನೆನಪಿರುವುದು ಅದೇ ನೋಟ. ಒಂದೊಂದು ಶಾಟನ್ನೂ ಇಪ್ಪತ್ತು ಸೆಕೆಂಡಾದರೂ ಅಲುಗಾಡಿಸದೆ ಹಿಡಿಯಿರಿ.

ಕೈ ಹಿಡಿದ ಮೇಲೆ ಕೈಯ ಸುತ್ತಲಿನದು. ಬೀಡಿ ಕಟ್ಟುವ ಒಬ್ಬ ಅಕ್ಕನ ಮನೆಯಲ್ಲಿ ನಾನು ಮೂರನೆಯ ದಿನ ಗಮನಿಸಿದ್ದು, ಅವರು ಕುಳಿತುಕೊಳ್ಳುವ ಜಾಗದ ಹಿಂದಿನ ಗೋಡೆಯಲ್ಲಿ ಬೆನ್ನಿನ ಎತ್ತರಕ್ಕೆ ಸುಣ್ಣ ಸವೆದು ಮಾಡಿದ ಒಂದು ನುಣುಪಾದ ಕಂದು ಗುರುತು. ಅದರ ಪಕ್ಕದಲ್ಲಿ ಸ್ವಲ್ಪ ಕೆಳಗೆ ಇನ್ನೊಂದು, ಚಿಕ್ಕದು. "ಅದು ಮಗಳದ್ದು. ಶಾಲೆಯಿಂದ ಬಂದು ಕಟ್ಟು ಕಟ್ಟಲು ಕುಳಿತುಕೊಳ್ಳುತ್ತಿದ್ದಳು. ಈಗ ಅವಳು ದುಬಾಯಿಯಲ್ಲಿ ನರ್ಸ್" ಎಂದರು. ಆ ಎರಡು ಗುರುತುಗಳ ಶಾಟು ನನ್ನ ಚಿತ್ರದಲ್ಲಿ ಹದಿನೆಂಟು ಸೆಕೆಂಡು ಇದೆ. ಅದರ ಮೇಲೆ ಒಂದು ಮಾತನ್ನೂ ಹಾಕಿಲ್ಲ.

ಕೆಲಸ ನಿಂತುಹೋಗಿದ್ದರೆ? ಹಾಗಾದರೆ ಒಂದು ವಸ್ತುವನ್ನು ಒಯ್ಯಿರಿ. ನಾನು ಹಳೆಯ ಹಂಚುಗಳನ್ನು ಗುಜರಿಯಿಂದ ಆರಿಸಿ ತಂದು ಇಟ್ಟುಕೊಂಡಿದ್ದೇನೆ. ಕೆಳಮೈಯಲ್ಲಿ ಕಾರ್ಖಾನೆಯ ಹೆಸರು, ಊರಿನ ಹೆಸರು, ಕೆಲವದರಲ್ಲಿ ಚಿಹ್ನೆ ಅಚ್ಚೊತ್ತಿರುತ್ತದೆ. ದುಡಿದವರ ಕೈಗೆ ಅವರ ಕಾರ್ಖಾನೆಯದೇ ಹಂಚನ್ನು ಕೊಟ್ಟು ಸುಮ್ಮನೆ ಕುಳಿತುಕೊಳ್ಳಿ. ಪ್ರಶ್ನೆ ಬೇಡ. ಎಲ್ಲರೂ ಮೊದಲು ಮಾಡುವುದು ಒಂದೇ ಕೆಲಸ, ಬೋರಲು ಹಾಕಿ ಅಕ್ಷರದ ಮೇಲೆ ಹೆಬ್ಬೆರಳು ಆಡಿಸುತ್ತಾರೆ. ಓದಲು ಬಾರದವರೂ ಹಾಗೆ ಆಡಿಸಿ ಯಾವ ಕಾರ್ಖಾನೆ ಎಂದು ಹೇಳಿದ್ದನ್ನು ನಾನು ಕಂಡಿದ್ದೇನೆ.

ಪ್ರಶ್ನೆಗಳು

ಕಷ್ಟವಿತ್ತೇ ಎಂದು ಕೇಳಬೇಡಿ. ಇತ್ತು ಎನ್ನುತ್ತಾರೆ, ಮಾತು ಮುಗಿಯುತ್ತದೆ. ಬೆಳಿಗ್ಗೆ ಮನೆಯಿಂದ ಹೊರಟರೆ ಯಾವ ದಾರಿಯಲ್ಲಿ ಹೋಗುತ್ತಿದ್ದಿರಿ ಎಂದು ಕೇಳಿ. ದಾರಿಯಲ್ಲಿ ಯಾರು ಸೇರಿಕೊಳ್ಳುತ್ತಿದ್ದರು, ಸೈರನ್ ಆದ ಮೇಲೆ ಹೋದರೆ ಗೇಟಿನಲ್ಲಿ ಏನಾಗುತ್ತಿತ್ತು, ಬುತ್ತಿಯಲ್ಲಿ ಏನಿತ್ತು, ಅದನ್ನು ಎಲ್ಲಿ ಕುಳಿತು ಉಣ್ಣುತ್ತಿದ್ದಿರಿ, ಹಾಲೂಡುವ ಮಗುವನ್ನು ಎಲ್ಲಿ ಮಲಗಿಸುತ್ತಿದ್ದಿರಿ, ಮೊದಲ ಸಂಬಳದಲ್ಲಿ ಏನು ಕೊಂಡಿರಿ. ಯಾರ ಜೊತೆ ಕುಳಿತು ಉಣ್ಣುತ್ತಿರಲಿಲ್ಲ ಎಂದೂ ಕೇಳಬೇಕು, ಆದರೆ ಅದಕ್ಕೆ ನಾಲ್ಕನೆಯ ಭೇಟಿಯವರೆಗೆ ಕಾಯಬೇಕು. ಜಾತಿಯ ಮಾತು ಬುತ್ತಿಯ ಮಾತಿನ ಬೆನ್ನಿಗೇ ಬರುತ್ತದೆ. ಅದನ್ನು ಕತ್ತರಿಸಿ ಎಲ್ಲರೂ ಒಂದೇ ತಾಯಿಯ ಮಕ್ಕಳಂತಿದ್ದರು ಎಂದು ತೋರಿಸಿದರೆ ದುಡಿದವರಿಗೆ ಮಾಡುವ ಮೋಸ.

ಉತ್ತರ ಮುಗಿಯಿತು ಎನಿಸಿದ ಮೇಲೂ ಮನಸ್ಸಿನಲ್ಲಿ ಹತ್ತರವರೆಗೆ ಎಣಿಸಿ. ಬಹಳ ಸಲ ನಿಜವಾದ ಮಾತು ಏಳು, ಎಂಟಕ್ಕೆ ಬರುತ್ತದೆ.

ಇಸವಿಯನ್ನು ನೇರವಾಗಿ ಕೇಳಿದರೆ ತಪ್ಪುತ್ತದೆ. ಊರಿಗೆಲ್ಲ ನೆನಪಿರುವ ಘಟನೆಗೆ ಕಟ್ಟಿ ಕೇಳಿ. ನೇತ್ರಾವತಿಯ 1974ರ ನೆರೆಗೆ ಮೊದಲೋ ಆಮೇಲೋ? ಪಣಂಬೂರಿನ ಹೊಸ ಬಂದರಿನ ಉದ್ಘಾಟನೆಯಾದಾಗ, ಅಂದರೆ 1975ರಲ್ಲಿ, ನೀವು ಕೆಲಸದಲ್ಲಿದ್ದಿರಾ? ಭೂಸುಧಾರಣೆಯಲ್ಲಿ ಡಿಕ್ಲರೇಶನ್ ಕೊಟ್ಟು ಭೂಮಿ ಸಿಕ್ಕಿದ ಮೇಲೋ? ಇಂದಿರಾ ಗಾಂಧಿ ತೀರಿದ ವರ್ಷ ಮಗನಿಗೆ ಎಷ್ಟಾಗಿತ್ತು? ಹೀಗೆ ಕೇಳಿದರೆ ಮಾಮಿ ಕಾರ್ಖಾನೆಗೆ ಸೇರಿದ ವರ್ಷವನ್ನು ಹತ್ತು ನಿಮಿಷದಲ್ಲಿ ಹಿಡಿದೆವು. ಆಮೇಲೆ ಟ್ರಂಕಿನ ತಳದಲ್ಲಿ ಸಿಕ್ಕಿದ ಪಿ.ಎಫ್. ಚೀಟಿಯಲ್ಲಿ ಅದೇ ವರ್ಷವಿತ್ತು. ಅಂಥ ಚೀಟಿಗಳು, ಯೂನಿಯನ್ ರಸೀದಿ, ಹಾಜರಿ ಕಾರ್ಡು, ಮದುವೆಯ ಆಲ್ಬಂನಲ್ಲಿ ಸಿಕ್ಕಿಕೊಂಡಿರುವ ಕಾರ್ಖಾನೆಯ ಗುಂಪು ಫೋಟೊ, ಎಲ್ಲವನ್ನೂ ಅವರ ಮನೆಯಲ್ಲಿಯೇ ಕಿಟಕಿಯ ಬೆಳಕಿನಲ್ಲಿಟ್ಟು ಫೋಟೊ ತೆಗೆಯಿರಿ. ಮನೆಗೆ ಒಯ್ಯಬೇಡಿ. ವಾಪಸು ಕೊಡುತ್ತೇನೆಂದು ಒಯ್ದವರು ವಾಪಸು ಕೊಡದ ಕಥೆ ಪ್ರತಿ ಮನೆಯಲ್ಲೂ ಇದೆ.

ಕಿವಿಗೆ ಬೇಕಾದದ್ದು

ಮಸುಕಾದ ಚಿತ್ರವನ್ನು ನೋಡುಗರು ಸಹಿಸುತ್ತಾರೆ, ಕೇಳಿಸದ ಮಾತನ್ನು ಸಹಿಸುವುದಿಲ್ಲ. ಮಿಕ್ಸಿ, ಟಿವಿ, ಫ್ಯಾನು ಈ ಮೂರು ನಮ್ಮ ಶತ್ರುಗಳು. ಮೇ ತಿಂಗಳ ಸೆಕೆಯಲ್ಲಿ ಎಂಬತ್ತು ವರ್ಷದವರ ಫ್ಯಾನು ಆರಿಸಬೇಡಿ. ಮರದ ನೆರಳಿನಲ್ಲಿ ಕೂರಿಸಿ, ಕಾಗೆಯ ಕೂಗು ಬಂದರೆ ಬರಲಿ. ಜೋರು ಮಳೆ ಹಂಚಿನ ಮಾಡಿನ ಮೇಲೆ ಬೀಳುವಾಗ ಮಾತು ನಿಲ್ಲಿಸಿ, ಆದರೆ ರೆಕಾರ್ಡರ್ ನಿಲ್ಲಿಸಬೇಡಿ. ಆ ಸದ್ದಿನ ಕೆಳಗೆ ಅವರು ತಲೆಯೆತ್ತಿ ಮಾಡನ್ನು ನೋಡುವ ನೋಟ ಬೇರೆಲ್ಲೂ ಸಿಗುವುದಿಲ್ಲ.

ಕೆಲಸದ ಸದ್ದನ್ನು ಪ್ರತ್ಯೇಕವಾಗಿ ದಾಖಲಿಸಿ. ಕತ್ತರಿಯ ಕಚಕಚ, ಹಂಚು ತಟ್ಟುವ ಟಣ್, ಗೇರುಬೀಜ ಒಡೆಯುವ ಸದ್ದು, ದಕ್ಕೆಯ ಏಲಂ ಕೂಗು. ಮೈಕನ್ನು ಕೈಯ ಹತ್ತಿರ ಹಿಡಿದು ಎರಡೆರಡು ನಿಮಿಷ ಹಿಡಿಯಿರಿ. ಕೊನೆಗೆ ಯಾರೂ ಮಾತಾಡದೆ, ಆ ಜಾಗದ್ದೇ ಮೌನವನ್ನು ಒಂದು ನಿಮಿಷ. ಸಂಕಲನ ಮಾಡುವಾಗ ಮಾತು ಕತ್ತರಿಸಿದ ಜಾಗಗಳಿಗೆ ತೇಪೆ ಹಾಕಲು ಅದು ಬೇಕಾಗುತ್ತದೆ. ಶೋಕದ ಕೊಳಲು ಹಾಕುವ ಆಸೆ ಬಂದರೆ ಈ ಸದ್ದುಗಳನ್ನು ಒಮ್ಮೆ ಕೇಳಿ, ಕೊಳಲು ಬೇಕೆನಿಸುವುದಿಲ್ಲ.

ಭಾಷೆ ಅವರದೇ ಇರಲಿ. ಕ್ಯಾಮೆರಾ ಕಂಡ ಕೂಡಲೇ ನಮ್ಮವರು ತುಳು, ಕೊಂಕಣಿ, ಬ್ಯಾರಿ ಬಿಟ್ಟು ಪುಸ್ತಕದ ಕನ್ನಡಕ್ಕೆ ಜಾರುತ್ತಾರೆ, ಅದರೊಂದಿಗೆ ಕೆಲಸದ ಪದಗಳೂ ಜಾರಿಹೋಗುತ್ತವೆ. ಮನೆಮಾತಿನಲ್ಲಿಯೇ ಮಾತಾಡಲಿ, ಅಡಿಬರಹವನ್ನು ಕನ್ನಡದಲ್ಲಿ ಕೊಡಿ. ಕೆಲಸದ ಪದವನ್ನು ಅಡಿಬರಹದಲ್ಲಿ ಅನುವಾದಿಸಬೇಡಿ. ತಡ್ಪೆ ಎಂದರೆ ತಡ್ಪೆ ಎಂದೇ ಬರೆಯಿರಿ, ಅದೇನೆಂದು ಚಿತ್ರವೇ ತೋರಿಸುತ್ತದೆ. ಒಂದು ಗಂಟೆಯ ಮಾತನ್ನು ಬರೆದಿಳಿಸಲು ನನಗೆ ಐದು ಗಂಟೆ ಹಿಡಿಯುತ್ತದೆ. ಅದನ್ನು ಬೇರೆಯವರಿಗೆ ಕೊಡದೆ ನಾನೇ ಮಾಡುತ್ತೇನೆ, ಚಿತ್ರದ ಅರ್ಧ ಸಂಕಲನ ಅಲ್ಲಿಯೇ ಆಗಿಬಿಡುತ್ತದೆ.

ಅನುಮತಿ

ಒಮ್ಮೆ ಇನ್ನೂ ನಡೆಯುತ್ತಿದ್ದ ಒಂದು ಕಾರ್ಖಾನೆಯೊಳಗೆ ಮೇಲ್ವಿಚಾರಕರ ಬಾಯಿಮಾತಿನ ಒಪ್ಪಿಗೆ ಪಡೆದು ಎರಡು ದಿನ ಚಿತ್ರೀಕರಿಸಿದೆ. ಮೂರನೆಯ ದಿನ ಮಾಲೀಕರ ಕಡೆಯವರು ಬಂದು ಕಾರ್ಡನ್ನು ಅಲ್ಲಿಯೇ ಅಳಿಸಲು ಹೇಳಿದರು. ಅಳಿಸಿದೆ. ಆ ಕಾರ್ಖಾನೆ ಈಗಿಲ್ಲ. ಅಂದಿನಿಂದ ದಿನಾಂಕ, ಜಾಗ, ಉದ್ದೇಶ ಬರೆದ ಒಂದು ಪುಟದ ಪತ್ರಕ್ಕೆ ಸಹಿ ಹಾಕಿಸದೆ ಗೇಟು ದಾಟುವುದಿಲ್ಲ.

ಮಾತಾಡುವವರ ಒಪ್ಪಿಗೆ ಇದಕ್ಕಿಂತ ಸೂಕ್ಷ್ಮವಾದದ್ದು. ಅವರ ಭಾಷೆಯಲ್ಲಿ, ಇದನ್ನು ಯಾರಿಗೆ ತೋರಿಸುತ್ತೇವೆ, ಮೊಬೈಲಿನಲ್ಲಿ ಊರೆಲ್ಲ ನೋಡಬಹುದು ಎಂದು ಬಿಡಿಸಿ ಹೇಳಿ, ಒಪ್ಪಿಗೆಯನ್ನು ಕ್ಯಾಮೆರಾದಲ್ಲಿಯೇ ದಾಖಲಿಸಿ. ಈಗಲೂ ಕಂಪನಿಯ ಬ್ರಾಂಚಿಗೆ ಬೀಡಿ ಕೊಡುವ ಅಕ್ಕ ಸಿಟ್ಟಿನಲ್ಲಿ ಕಂತ್ರಾಟುದಾರನ ಬಗ್ಗೆ ನಾಲ್ಕು ಮಾತು ಆಡಿದರೆ, ಚಿತ್ರ ಹೊರಬಂದ ಮರುದಿನ ಅವರ ಬೀಡಿಯೇ ಹೆಚ್ಚು ಕಳಪೆ ಎನಿಸಿಕೊಂಡೀತು. ಅಂಥ ಮಾತನ್ನು ಅವರಿಗೆ ಮತ್ತೆ ಕೇಳಿಸಿ, "ಇದು ಇರಲೋ ಬೇಡವೋ?" ಎಂದು ಕೇಳಿ. ಬೇಡವೆಂದರೆ ತೆಗೆಯಿರಿ, ಎಷ್ಟೇ ಒಳ್ಳೆಯ ಮಾತಾಗಿದ್ದರೂ.

ಕಾಪಾಡುವುದು

ಸೆಕೆಂಡಿಗೆ 50 ಮೆಗಾಬಿಟ್‌ನಂತೆ ಒಂದು ಗಂಟೆ ಚಿತ್ರೀಕರಿಸಿದರೆ ಸುಮಾರು 22 ಗಿಗಾಬೈಟ್ ಆಗುತ್ತದೆ. ಅದೇ ರಾತ್ರಿ ಎರಡು ಹಾರ್ಡ್ ಡಿಸ್ಕಿಗೆ ಹಾಕಿ, ಒಂದನ್ನು ಬೇರೆ ಮನೆಯಲ್ಲಿಡಿ. ಒಂದೇ ಡಿಸ್ಕಿನಲ್ಲಿಟ್ಟಿದ್ದ ದಕ್ಕೆಯ ನಾಲ್ಕು ಸಂದರ್ಶನಗಳನ್ನು ನಾನು ಒಂದು ಮಳೆಗಾಲದಲ್ಲಿ ಕಳೆದುಕೊಂಡೆ. ಅದರಲ್ಲಿ ಇಬ್ಬರು ಈಗ ಇಲ್ಲ. ಫೈಲಿನ ಹೆಸರಿನಲ್ಲಿ ವರ್ಷ, ತಿಂಗಳು, ದಿನ, ಊರು, ಕೆಲಸ ಇರಲಿ. ಇಪ್ಪತ್ತು ನಿಮಿಷದ ಚಿತ್ರಕ್ಕೆ ಕತ್ತರಿಸಿ ಉಳಿದ ಹತ್ತು ಗಂಟೆಯನ್ನು ಅಳಿಸಬೇಡಿ, ನಾಳೆ ಹುಡುಕಿ ಬರುವವರಿಗೆ ಬೇಕಾದದ್ದು ಅದರಲ್ಲಿರುತ್ತದೆ. ಉಡುಪಿಯ ಎಂ.ಜಿ.ಎಂ. ಕಾಲೇಜಿನ ಪ್ರಾದೇಶಿಕ ಜಾನಪದ ರಂಗಕಲೆಗಳ ಅಧ್ಯಯನ ಕೇಂದ್ರದಂಥ ಕಡೆ ಕರಾವಳಿಯ ದನಿ ಮತ್ತು ದೃಶ್ಯಗಳನ್ನು ಕೂಡಿಟ್ಟ ಅನುಭವವಿದೆ. ಅಂಥವರನ್ನು ಕಂಡು ಮಾತಾಡಿ. ಹಳೆಯ ಕಾರ್ಖಾನೆಗಳ ಚಿತ್ರ ಬೇಕಿದ್ದರೆ ಸ್ವಿಟ್ಜರ್ಲೆಂಡಿನ ಬಾಸೆಲ್‌ನಲ್ಲಿರುವ ಮಿಷನ್‌ನ ಸಂಗ್ರಹವನ್ನು ಅಂತರ್ಜಾಲದಲ್ಲಿಯೇ ನೋಡಬಹುದು. ಮಂಗಳೂರಿನ ಬಲ್ಮಠದ ದೇವಶಾಸ್ತ್ರ ಕಾಲೇಜಿನಲ್ಲಿಯೂ ಮಿಷನ್ ಕಾಲದ ದಾಖಲೆಗಳಿವೆ. ಅಂಥ ಹಳೆಯ ಚಿತ್ರಗಳನ್ನು ನೋಡುವಾಗ ನನಗೆ ಪ್ರತಿ ಸಲವೂ ಸಂಕಟವಾಗುವುದು ಒಂದೇ ವಿಷಯಕ್ಕೆ, ಹಂಚಿನ ಸಾಲಿನ ಮುಂದೆ ನಿಂತ ಹೆಂಗಸರ ಹೆಸರು ಎಲ್ಲಿಯೂ ಇರುವುದಿಲ್ಲ. ನಿಮ್ಮ ಚಿತ್ರದಲ್ಲಿ ಕಾಣುವ ಪ್ರತಿಯೊಬ್ಬರ ಹೆಸರನ್ನೂ, ಅವರು ಒಪ್ಪಿದರೆ, ಅವರು ಮಾಡುತ್ತಿದ್ದ ಕೆಲಸದ ಜೊತೆಗೆ ಹಾಕಿ.

ಮೊದಲ ಪ್ರದರ್ಶನ

ಚಿತ್ರೋತ್ಸವಕ್ಕೆ ಕಳುಹಿಸುವ ಮೊದಲು ಅವರ ಅಂಗಳದಲ್ಲಿ ತೋರಿಸಿ. ನಾನು ಮಾಮಿಯ ಚಿತ್ರವನ್ನು ಅವರ ಮನೆಯ ಹತ್ತಿರದ ಭಜನಾ ಮಂದಿರದ ಗೋಡೆಗೆ ಬಿಳಿ ಪಂಚೆ ಕಟ್ಟಿ ತೋರಿಸಿದೆ. ಅದೇ ಕಾರ್ಖಾನೆಯಲ್ಲಿ ದುಡಿದ ಒಂಬತ್ತು ಮಂದಿ ಬಂದಿದ್ದರು. ಒಬ್ಬರನ್ನು ಮೊಮ್ಮಗ ರಿಕ್ಷಾದಲ್ಲಿ ಕರೆತಂದಿದ್ದ. ಆ ಸಂಜೆ ನಾನು ಮಾಡಿದ ಒಂದು ಒಳ್ಳೆಯ ಕೆಲಸವೆಂದರೆ, ಎರಡನೆಯ ಕ್ಯಾಮೆರಾವನ್ನು ಪರದೆಯ ಬದಿಯಲ್ಲಿ ನೋಡುವವರ ಕಡೆಗೆ ತಿರುಗಿಸಿಟ್ಟು, ಮೈಕನ್ನು ಅವರ ನಡುವಿನ ಚಾಪೆಯ ಮೇಲೆ ಇಟ್ಟದ್ದು. ನೀವೂ ಹಾಗೆಯೇ ಮಾಡಿ. ಕಾರ್ಖಾನೆಯ ಗುಂಪು ಫೋಟೊ ಪರದೆಯ ಮೇಲೆ ಬಂದಾಗ ಅಲ್ಲಿಯೇ ನಿಲ್ಲಿಸಲು ಹೇಳಿದರು. ಎದ್ದು ಹೋಗಿ ಪಂಚೆಯ ಮೇಲೆ ಬೆರಳಿಟ್ಟು ಒಂದೊಂದು ಮುಖಕ್ಕೆ ಹೆಸರು ಹೇಳತೊಡಗಿದರು. ಮೂರನೆಯ ಸಾಲಿನ ಎಡಗಡೆಯ ಹುಡುಗಿ ಯಾರೆಂದು ಇಬ್ಬರ ನಡುವೆ ವಾದವಾಯಿತು. ಮೂಗುತಿಯ ಬದಿ ನೋಡಿ ಮೂರನೆಯವರು ತೀರ್ಮಾನ ಕೊಟ್ಟರು. ಇಪ್ಪತ್ತೇಳು ಮುಖಗಳಿಗೆ ಇಪ್ಪತ್ತೈದು ಹೆಸರು ಸಿಕ್ಕಿದವು.

ಆಮೇಲೆ ಹಂಚು ತಟ್ಟುವ ದೃಶ್ಯ ಬಂತು. ಹಿತ್ತಿಲಿನಲ್ಲಿ ಅಂದು ಕಳೆದುಕೊಂಡದ್ದನ್ನು ಮುಂದಿನ ವಾರ ಮತ್ತೆ ಹೋಗಿ ತೆಗೆದಿದ್ದೆ. ಮಾಮಿ ಅದನ್ನು ನೋಡಿ, ಇನ್ನೊಮ್ಮೆ ಹಾಕಲು ಹೇಳಿ, ಮತ್ತೆ ನೋಡಿ, "ನಾನು ಅದನ್ನು ಹಿಡಿದದ್ದು ಸರಿಯಾಗಿಲ್ಲ, ಆ ದಿನ ಬೆರಳು ನೋಯುತ್ತಿತ್ತು. ಹಂಚು ತಾ" ಎಂದರು. ಮಂದಿರದ ಹಿಂದೆ ಸಿಕ್ಕಿದ ಒಂದು ಹಂಚನ್ನು ತಂದುಕೊಟ್ಟೆ. ಪಂಚೆಯ ಮುಂದೆ, ಪ್ರೊಜೆಕ್ಟರಿನ ಬೆಳಕಿನಲ್ಲಿ ಅದನ್ನು ಎತ್ತಿ ಹಿಡಿದು ತಟ್ಟಿದರು. ಈಗ ಚಿತ್ರದಲ್ಲಿರುವುದು ಆ ಟಣ್.